ಪ್ರವೇಶ ಮತ್ತು ಪಾಲು: ಹೊಸಪೇಟೆ, ಹಂಪಿ, ಸಂಡೂರು, ಕಂಪ್ಲಿ ಪರಿಸರದಲ್ಲಿ ಸಮಾನತೆಯ ಶಾಸನ ಮತ್ತು ದಲಿತ ಅನುಭವ

1. ಪೀಠಿಕೆ

ಭಾರತ ಸಂವಿಧಾನದ 17ನೆಯ ವಿಧಿಯು ಅಸ್ಪೃಶ್ಯತೆಯನ್ನು ರದ್ದುಗೊಳಿಸಿ ಮುಕ್ಕಾಲು ಶತಮಾನ ಕಳೆದಿದೆ. ಈ ವಿಧಿಗೆ ಕಾರ್ಯರೂಪ ಕೊಡಲು 1955ರಲ್ಲಿ ಬಂದ ಅಸ್ಪೃಶ್ಯತಾ ಅಪರಾಧಗಳ ಕಾಯಿದೆಯು 1976ರಲ್ಲಿ ತಿದ್ದುಪಡಿಗೊಂಡು ನಾಗರಿಕ ಹಕ್ಕುಗಳ ಸಂರಕ್ಷಣಾ ಕಾಯಿದೆ ಎಂಬ ಹೆಸರನ್ನು ಪಡೆಯಿತು. ಅದೇ ವರ್ಷ ಜೀತಪದ್ಧತಿ ನಿರ್ಮೂಲನ ಕಾಯಿದೆ ಬಂದಿತು. 1978ರಲ್ಲಿ ಕರ್ನಾಟಕವು ಪರಿಶಿಷ್ಟರಿಗೆ ಮಂಜೂರಾದ ಜಮೀನುಗಳ ಪರಭಾರೆಯನ್ನು ನಿಷೇಧಿಸಿತು. 1982ರಲ್ಲಿ ದೇವದಾಸಿ ಸಮರ್ಪಣೆಯನ್ನು ನಿಷೇಧಿಸುವ ಕಾಯಿದೆಯನ್ನು ರೂಪಿಸಿತು. 1989ರ ದೌರ್ಜನ್ಯ ತಡೆ ಕಾಯಿದೆ ಇವೆಲ್ಲಕ್ಕೂ ದಂಡನೆಯ ಬಲವನ್ನು ಒದಗಿಸಿತು. ಕಾನೂನಿನ ಪಠ್ಯವನ್ನಷ್ಟೇ ಓದುವವರಿಗೆ ಇದು ಸಮಾನತೆಯತ್ತ ನೇರವಾಗಿ ಸಾಗಿದ ಕಥನವಾಗಿ ಕಾಣುತ್ತದೆ.

ಆದರೆ ಕೇರಿಯ ಬದುಕನ್ನು ಬಲ್ಲವರಿಗೆ ಈ ಕಥನ ಅಷ್ಟು ಸರಳವಲ್ಲ. ಶಾಸನಗಳು ಬಂದ ನಂತರವೂ ಅಸಮಾನತೆ ಏಕೆ ಉಳಿಯಿತು ಎಂಬ ಪ್ರಶ್ನೆಗೆ ಸಾಮಾನ್ಯವಾಗಿ ಎರಡು ಉತ್ತರಗಳು ದೊರೆಯುತ್ತವೆ. ಕಾಯಿದೆ ಚೆನ್ನಾಗಿದೆ, ಅದರ ಜಾರಿ ಸರಿಯಿಲ್ಲ ಎಂಬುದು ಮೊದಲನೆಯದು. ಕಾಯಿದೆಯಿಂದ ಮನಸ್ಸು ಬದಲಾಗುವುದಿಲ್ಲ ಎಂಬುದು ಎರಡನೆಯದು. ಎರಡರಲ್ಲಿಯೂ ಸತ್ಯಾಂಶವಿದೆ. ಆದರೆ ಎರಡೂ ಒಂದು ಮುಖ್ಯ ಸಂಗತಿಯನ್ನು ಬದಿಗೆ ಸರಿಸುತ್ತವೆ. ನಮ್ಮ ಸುಧಾರಣೆಯ ಪರಿಭಾಷೆಯ ಕೇಂದ್ರದಲ್ಲಿ ನಿಂತಿರುವ ಪದ 'ಪ್ರವೇಶ'. ದೇವಾಲಯ ಪ್ರವೇಶ, ಹೋಟೆಲು ಪ್ರವೇಶ, ಕೆರೆ ಬಾವಿಗಳ ಪ್ರವೇಶ, ಶಾಲಾ ಪ್ರವೇಶ ಎಂದು ಅದು ವಿಸ್ತರಿಸುತ್ತದೆ. ಕೇರಿಯ ಮಾತಿನ ಕೇಂದ್ರದಲ್ಲಿರುವ ಪದ ಬೇರೆ. ಅದು 'ಪಾಲು'. ಹೊಲದಲ್ಲಿ, ಕೂಲಿಯಲ್ಲಿ, ನೀರಿನಲ್ಲಿ, ಅಧಿಕಾರದಲ್ಲಿ, ಕಥೆಯಲ್ಲಿ ಪಾಲು. ಪ್ರವೇಶವನ್ನು ಒಬ್ಬರು ಮತ್ತೊಬ್ಬರಿಗೆ ಕೊಡಬಹುದು. ಪಾಲನ್ನು ಲೆಕ್ಕ ಹಾಕಿ ಚುಕ್ತಾ ಮಾಡಬೇಕಾಗುತ್ತದೆ. ಈ ಎರಡು ಪದಗಳ ನಡುವಿನ ಅಂತರವನ್ನು ಹೊಸಪೇಟೆ, ಹಂಪಿ, ಸಂಡೂರು, ಕಂಪ್ಲಿಗಳನ್ನು ಒಳಗೊಂಡ ತುಂಗಭದ್ರಾ ಪರಿಸರದಲ್ಲಿ ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ. ಜೊತೆಗೆ, ಕನ್ನಡ ದಲಿತ ಬರಹವನ್ನು ನಮ್ಮ ವಿಮರ್ಶೆ ಬಹುಕಾಲ ಪ್ರವೇಶದ ಕಥನವಾಗಿ ಓದಿದೆ, ಅದನ್ನು ಪಾಲಿನ ಕಥನವಾಗಿ ಓದಬೇಕಾಗಿದೆ ಎಂಬ ವಾದವನ್ನು ಇಲ್ಲಿ ಮಂಡಿಸಲಾಗಿದೆ.

2021ರಲ್ಲಿ ವಿಜಯನಗರ ಜಿಲ್ಲೆ ರಚನೆಯಾದ ಮೇಲೆ ಹೊಸಪೇಟೆ ಹಾಗೂ ಹಂಪಿ ಹೊಸ ಜಿಲ್ಲೆಗೆ ಸೇರಿದವು. ಸಂಡೂರು ಮತ್ತು ಕಂಪ್ಲಿ ಬಳ್ಳಾರಿ ಜಿಲ್ಲೆಯಲ್ಲಿಯೇ ಉಳಿದವು. ಆಡಳಿತದ ಗೆರೆ ಏನೇ ಇರಲಿ, ನದಿ, ಕಾಲುವೆ, ಅದಿರು ಮತ್ತು ಕೂಲಿ ಈ ನಾಲ್ಕೂ ಊರುಗಳನ್ನು ಒಂದೇ ಪ್ರದೇಶವಾಗಿ ಕಟ್ಟಿವೆ. 2011ರ ಜನಗಣತಿಯ ಪ್ರಕಾರ ಅಂದಿನ ಅವಿಭಜಿತ ಬಳ್ಳಾರಿ ಜಿಲ್ಲೆಯ ಜನಸಂಖ್ಯೆಯಲ್ಲಿ ಪರಿಶಿಷ್ಟ ಜಾತಿಯವರು ಪ್ರತಿಶತ ಸುಮಾರು 21, ಪರಿಶಿಷ್ಟ ಪಂಗಡದವರು ಪ್ರತಿಶತ ಸುಮಾರು 18. ಅಂದರೆ ಈ ಚರ್ಚೆ ಒಂದು ಸಣ್ಣ ಅಲ್ಪಸಂಖ್ಯೆಯನ್ನು ಕುರಿತದ್ದಲ್ಲ.

2. ಸಂಡೂರಿನ ಬಾಗಿಲು

ಘೋರ್ಪಡೆ ಮನೆತನದ ಆಳ್ವಿಕೆಯಲ್ಲಿದ್ದ ಸಂಡೂರು ಒಂದು ಪುಟ್ಟ ಸಂಸ್ಥಾನ. 1928ರಿಂದ 1949ರವರೆಗೆ ಆಳಿದ ಯಶವಂತರಾವ್ ಘೋರ್ಪಡೆಯವರು 1932ರಲ್ಲಿ ಸಂಸ್ಥಾನದ ದೇವಾಲಯಗಳನ್ನು ಅಸ್ಪೃಶ್ಯರಿಗೆ ತೆರೆದರು. ದೇವಾಲಯ ಪ್ರವೇಶದ ಚರಿತ್ರೆಯಲ್ಲಿ ಬಹುವಾಗಿ ಉಲ್ಲೇಖಗೊಳ್ಳುವ ತಿರುವಾಂಕೂರಿನ ಘೋಷಣೆ ಹೊರಬಿದ್ದದ್ದು 1936ರ ನವೆಂಬರಿನಲ್ಲಿ. ಸಂಡೂರು ಅದಕ್ಕಿಂತ ನಾಲ್ಕು ವರ್ಷ ಮುಂದಿತ್ತು. ಗಾಂಧೀಜಿ ಈ ಕ್ರಮವನ್ನು ಮೆಚ್ಚಿ ಬರೆದರು. 1934ರಲ್ಲಿ ಹರಿಜನ ಪ್ರವಾಸದ ಸಂದರ್ಭದಲ್ಲಿ ಸಂಡೂರಿಗೆ ಬಂದರು. ಸುಧಾರಣೆಯ ಚರಿತ್ರೆಯಲ್ಲಿ ಇದು ಗೌರವದ ಸ್ಥಾನಕ್ಕೆ ಅರ್ಹವಾದ ಘಟನೆ. ಬ್ರಿಟಿಷ್ ಆಡಳಿತದ ಜಿಲ್ಲೆಗಳಲ್ಲಿ ಊಹಿಸಲೂ ಕಷ್ಟವಾಗಿದ್ದ ಹೆಜ್ಜೆಯನ್ನು ಒಂದು ಸಣ್ಣ ಸಂಸ್ಥಾನ ಇಟ್ಟಿತೆಂಬುದನ್ನು ಕಡೆಗಣಿಸುವಂತಿಲ್ಲ.

ಆದರೂ ಈ ಘಟನೆಯನ್ನು ನಾವು ಹೇಳುತ್ತ ಬಂದಿರುವ ವಾಕ್ಯದ ರಚನೆಯನ್ನು ಗಮನಿಸಬೇಕು. 'ರಾಜರು ಹರಿಜನರಿಗೆ ದೇವಾಲಯವನ್ನು ತೆರೆದರು.' ಇಲ್ಲಿ ಕರ್ತೃ ರಾಜ, ಕರ್ಮ ದೇವಾಲಯ. ಹರಿಜನರು ಚತುರ್ಥಿ ವಿಭಕ್ತಿಯಲ್ಲಿದ್ದಾರೆ. ದಾನದ ವಾಕ್ಯಗಳೆಲ್ಲವೂ ಇದೇ ರೂಪದವು. ಒಳಗೆ ಹೋದವರು ಯಾರು, ಮೊದಲ ದಿನ ಅವರಿಗೆ ಏನನ್ನಿಸಿತು, ಮರುದಿನ ಯಾರ ಹೊಲಕ್ಕೆ ಕೂಲಿಗೆ ಹೋದರು ಎಂಬ ಪ್ರಶ್ನೆಗಳಿಗೆ ಈ ವಾಕ್ಯದಲ್ಲಿ ಜಾಗವಿಲ್ಲ. ಡಿ.ಆರ್. ನಾಗರಾಜ ಅವರು 1993ರ ತಮ್ಮ 'ದಿ ಫ್ಲೇಮಿಂಗ್ ಫೀಟ್' ಕೃತಿಯಲ್ಲಿ ಗಾಂಧೀಜಿಯವರ ಮಾರ್ಗವನ್ನು ಸವರ್ಣೀಯರ ಆತ್ಮಶುದ್ಧಿಯೆಂದೂ ಅಂಬೇಡ್ಕರರ ಮಾರ್ಗವನ್ನು ದಲಿತರ ಆತ್ಮಗೌರವವೆಂದೂ ಗುರುತಿಸಿ, ಆ ಎರಡರ ಮುಖಾಮುಖಿಯನ್ನು ವಿಶ್ಲೇಷಿಸಿದರು. ಸಂಡೂರಿನ ಬಾಗಿಲು ಮೊದಲನೆಯ ಮಾರ್ಗದ ಅತ್ಯುತ್ತಮ ಉದಾಹರಣೆ. ಆತ್ಮಶುದ್ಧಿಯ ಕಥೆಯಲ್ಲಿ ಶುದ್ಧನಾಗುವವನೇ ನಾಯಕ; ಯಾರ ನಿಮಿತ್ತ ಶುದ್ಧಿ ನಡೆಯುತ್ತದೆಯೋ ಅವರು ಸಾಕ್ಷಿಗಳಾಗಿ ಉಳಿಯುತ್ತಾರೆ.

ಅದೇ ಸಂಡೂರಿನಲ್ಲಿ ನಾಲ್ಕು ದಶಕಗಳ ಬಳಿಕ ವಾಕ್ಯದ ರಚನೆ ಬದಲಾಯಿತು. 1973ರಲ್ಲಿ ಸಮಾಜವಾದಿಗಳ ಮುಂದಾಳುತನದಲ್ಲಿ ನಡೆದ ಸಂಡೂರಿನ ಭೂ ಹೋರಾಟದಲ್ಲಿ ಉಳುವವರು ಕರ್ತೃಸ್ಥಾನಕ್ಕೆ ಬಂದರು. ಅವರು ಕೇಳಿದ್ದು ಒಳಗೆ ಬರಲು ಅನುಮತಿಯನ್ನಲ್ಲ. ಉತ್ತ ನೆಲದ ಹಕ್ಕನ್ನು. ಮರುವರ್ಷ, 1974ರಲ್ಲಿ, ದೇವರಾಜ ಅರಸು ಸರ್ಕಾರದ ಭೂಸುಧಾರಣಾ ತಿದ್ದುಪಡಿ ಜಾರಿಗೆ ಬಂದಿತು. ಕರ್ನಾಟಕದ ಗ್ರಾಮ ಸಮಾಜದ ಮೇಲೆ ಅದರ ಪರಿಣಾಮ ದೊಡ್ಡದು. ಆದರೆ ಅದು ಭೂಮಿಯನ್ನು ಕೊಟ್ಟದ್ದು ಗೇಣಿದಾರನಿಗೆ. ಗೇಣಿ ಮಾಡಲು ಎತ್ತು, ಬೀಜ, ಬಂಡಿ ಬೇಕು. ಜಮೀನುದಾರನ ನಂಬಿಕೆಯೂ ಬೇಕು. ಇವು ಯಾವುವೂ ಇಲ್ಲದ ಕೂಲಿಯವನ ಹೆಸರು ಯಾವ ದಾಖಲೆಯಲ್ಲಿಯೂ ಇರಲಿಲ್ಲ. ದಲಿತರಲ್ಲಿ ಬಹುಸಂಖ್ಯಾತರು ಗೇಣಿದಾರರಾಗಿರದೆ ಕೂಲಿಗಳಾಗಿದ್ದುದರಿಂದ 'ಉಳುವವನೇ ಹೊಲದೊಡೆಯ' ಎಂಬ ಘೋಷಣೆಯ ಅರ್ಥವ್ಯಾಪ್ತಿ ಅವರನ್ನು ಮುಟ್ಟುವ ಮೊದಲೇ ಮುಗಿದಿತ್ತು. ಹೀಗೆ ಪಾಲಿನ ರಾಜಕಾರಣವೂ ತನ್ನೊಳಗೆ ಒಂದು ಹೊರಗನ್ನು ಉಳಿಸಿಕೊಂಡಿತು.

ತುಂಗಭದ್ರಾ ಅಣೆಕಟ್ಟಿನ ಚರಿತ್ರೆಯೂ ಇದನ್ನೇ ಪುಷ್ಟೀಕರಿಸುತ್ತದೆ. 1945ರಲ್ಲಿ ಆರಂಭವಾಗಿ 1953ರಲ್ಲಿ ನೀರು ಹರಿಸಿದ ಈ ಯೋಜನೆ ಒಣ ಸೀಮೆಯನ್ನು ಗದ್ದೆಯಾಗಿ ಮಾರ್ಪಡಿಸಿತು. ಕಂಪ್ಲಿಯ ಭತ್ತ, ಹೊಸಪೇಟೆಯ ಕಬ್ಬು ಹೆಸರುವಾಸಿಯಾದವು. ಕಾಲುವೆಯ ನೀರು ಜಾತಿಯನ್ನು ಕೇಳುವುದಿಲ್ಲ, ನಿಜ. ಆದರೆ ಅದು ಹರಿಯುವುದು ಹೊಲವಿದ್ದವನ ಹೊಲಕ್ಕೆ. ಹೊಲವಿಲ್ಲದ ಕೇರಿಗೆ ನೀರಾವರಿ ತಂದುಕೊಟ್ಟದ್ದು ನಾಟಿ ಮತ್ತು ಕೊಯಿಲಿನ ಕೂಲಿಯನ್ನು. 2000ದ ದಶಕದ ಅದಿರಿನ ಉಬ್ಬರದಲ್ಲಿಯೂ ಇದೇ ಪುನರಾವರ್ತನೆಯಾಯಿತು. ಸಂಡೂರಿನ ಗುಡ್ಡಗಳ ಕಬ್ಬಿಣದ ಅದಿರು ಹಡಗೇರಿ ದೂರದ ದೇಶಗಳನ್ನು ತಲುಪಿತು. ಸಂಡೂರು ಹೊಸಪೇಟೆಗಳ ಸುತ್ತ ಸುತ್ತಿಗೆ ಹಿಡಿದು ಅದಿರು ಒಡೆದವರು ಭೂಮಿಯಿಲ್ಲದ ಕುಟುಂಬಗಳು, ಅನೇಕ ಕಡೆ ಮಕ್ಕಳು ಸಹ. 2011ರ ಜುಲೈನಲ್ಲಿ ಲೋಕಾಯುಕ್ತರ ವರದಿ ಹೊರಬಂದು, ಅದೇ ತಿಂಗಳು ಸರ್ವೋಚ್ಚ ನ್ಯಾಯಾಲಯವು ಬಳ್ಳಾರಿಯ ಗಣಿಗಾರಿಕೆಯನ್ನು ಸ್ಥಗಿತಗೊಳಿಸಿದಾಗ ದೇಶವೆಲ್ಲ ಕಳವಾದ ಅದಿರಿನ ಲೆಕ್ಕವನ್ನು ಚರ್ಚಿಸಿತು. ಒಡೆದ ಕೈಗಳ ಬಾಕಿಯ ಲೆಕ್ಕ ಆ ಚರ್ಚೆಯ ಅಂಚಿನಲ್ಲಿಯೇ ಉಳಿಯಿತು.

3. ಕಡಲಾಚೆಯ ಹೋಲಿಕೆ, ಅದರ ಮಿತಿ

ಸುಧಾರಣೆಯ ನಂತರದ ಅಸಮಾನತೆ ನಮ್ಮಲ್ಲಿ ಮಾತ್ರ ಕಂಡುಬರುವ ಸಂಗತಿಯಲ್ಲ. 1960ರ ಫೆಬ್ರವರಿಯಲ್ಲಿ ಅಮೆರಿಕದ ಗ್ರೀನ್ಸ್‌ಬರೊ ನಗರದ ಅಂಗಡಿಯೊಂದರ ಉಪಾಹಾರದ ಕಟ್ಟೆಯಲ್ಲಿ ನಾಲ್ವರು ಕಪ್ಪು ವಿದ್ಯಾರ್ಥಿಗಳು ಕುಳಿತು, ಎದ್ದುಹೋಗಲು ನಿರಾಕರಿಸಿದರು. ಅಂಥ ಹೋರಾಟಗಳ ಫಲವಾಗಿ 1964ರ ನಾಗರಿಕ ಹಕ್ಕುಗಳ ಕಾಯಿದೆ, 1965ರ ಮತದಾನದ ಹಕ್ಕಿನ ಕಾಯಿದೆ, 1968ರ ವಸತಿ ಕಾಯಿದೆಗಳು ಬಂದವು. ಆದರೆ ಮಾರ್ಟಿನ್ ಲೂಥರ್ ಕಿಂಗ್ 1968ರ ಏಪ್ರಿಲ್ 4ರಂದು ಹತರಾದಾಗ ಅವರು ಮೆಂಫಿಸ್ ನಗರಕ್ಕೆ ಹೋಗಿದ್ದುದು ಪ್ರವೇಶದ ಹೋರಾಟಕ್ಕಲ್ಲ. ಕಸ ಎತ್ತುವ ಕಪ್ಪು ಕಾರ್ಮಿಕರ ಮುಷ್ಕರಕ್ಕೆ. ಕೂಲಿ, ಸುರಕ್ಷತೆ ಮತ್ತು ಸಂಘಟನೆಯ ಹಕ್ಕು ಅಲ್ಲಿಯ ಬೇಡಿಕೆಗಳಾಗಿದ್ದವು. ಕಟ್ಟೆಯ ಮೇಲೆ ಕೂರುವ ಹಕ್ಕು ಬಂದ ಮೇಲೆ ಅಲ್ಲಿ ಊಟ ಕೊಳ್ಳುವ ಕಾಸಿನ ಪ್ರಶ್ನೆ ಉಳಿದಿತ್ತು. ವಸತಿಯಲ್ಲಿ, ಶಾಲೆಯಲ್ಲಿ, ಕುಟುಂಬದ ಆಸ್ತಿಯಲ್ಲಿ, ಸೆರೆಮನೆಯ ಸಂಖ್ಯೆಯಲ್ಲಿ ಅಲ್ಲಿಯ ಅಂತರ ಇಂದಿಗೂ ಅಳಿದಿಲ್ಲ.

ಕರ್ನಾಟಕದಲ್ಲಿಯೂ ಇದಕ್ಕೆ ಸಂವಾದಿಯಾದ ಒಂದು ಅಧ್ಯಾಯವಿದೆ. 1970ರ ದಶಕದ ಆರಂಭದಲ್ಲಿ ಪೌರಾಡಳಿತ ಸಚಿವರಾಗಿದ್ದ ಬಿ. ಬಸವಲಿಂಗಪ್ಪನವರು ತಲೆಯ ಮೇಲೆ ಮಲ ಹೊರುವುದನ್ನು ನಿಷೇಧಿಸಿದರು. ಕೇಂದ್ರದ ಕಾಯಿದೆ ಬಂದದ್ದು 1993ರಲ್ಲಿ. ಅದು ಸಾಲದೆ 2013ರಲ್ಲಿ ಮತ್ತೊಂದು. ಬಸವಲಿಂಗಪ್ಪನವರನ್ನು ಇಂದು ನೆನೆಯುವುದು ಹೆಚ್ಚಾಗಿ 1973ರ 'ಬೂಸಾ' ವಿವಾದಕ್ಕಾಗಿ, ಅಂದರೆ ಕನ್ನಡ ಸಾಹಿತ್ಯದ ಬಗ್ಗೆ ಅವರಾಡಿದ ಒಂದು ಮಾತಿಗಾಗಿ. ಮಲದ ಬುಟ್ಟಿಯನ್ನು ಇಳಿಸಿದ ಆಜ್ಞೆ ನಮ್ಮ ಸಾಂಸ್ಕೃತಿಕ ಸ್ಮೃತಿಯಲ್ಲಿ ಅಷ್ಟು ಗಟ್ಟಿಯಾಗಿ ಉಳಿದಿಲ್ಲ. ಸಾಹಿತ್ಯದ ಮಾನಕ್ಕೆ ನೋವಾದುದನ್ನು ನೆನಪಿಟ್ಟುಕೊಂಡು ಮನುಷ್ಯರ ಮಾನ ಉಳಿದುದನ್ನು ಮರೆತ ಈ ಸ್ಮೃತಿಯ ಆಯ್ಕೆ ವಿಮರ್ಶೆಯ ವಿಷಯವಾಗಬೇಕು.

ಈ ಹೋಲಿಕೆ ನಮ್ಮ ಕಲ್ಪನೆಯಷ್ಟೇ ಅಲ್ಲ. ಅಂಬೇಡ್ಕರರು 1946ರಲ್ಲಿ ಕಪ್ಪು ಚಿಂತಕ ಡುಬಾಯ್ಸ್ ಅವರಿಗೆ ಪತ್ರ ಬರೆದು, ವಿಶ್ವಸಂಸ್ಥೆಗೆ ಅಲ್ಲಿಯ ಕಪ್ಪು ಜನ ಸಲ್ಲಿಸಿದ ಮನವಿಯ ಪ್ರತಿಯನ್ನು ಕೇಳಿದ್ದರು, ಡುಬಾಯ್ಸ್ ಉತ್ತರಿಸಿದ್ದರು. 1972ರಲ್ಲಿ ಮುಂಬಯಿಯಲ್ಲಿ ಹುಟ್ಟಿದ ದಲಿತ ಪ್ಯಾಂಥರ್ಸ್ ತನ್ನ ಹೆಸರನ್ನೇ ಅಮೆರಿಕದ ಬ್ಲ್ಯಾಕ್ ಪ್ಯಾಂಥರ್ ಚಳವಳಿಯಿಂದ ಪಡೆಯಿತು. ಆದರೆ ವ್ಯತ್ಯಾಸಗಳನ್ನು ಮರೆಯಬಾರದು. ಅಲ್ಲಿ ಮೈಬಣ್ಣ ಮೊದಲ ನೋಟಕ್ಕೇ ಗುರುತನ್ನು ಹೇಳುತ್ತದೆ. ಇಲ್ಲಿ ಅಡ್ಡಹೆಸರು, ಕೇರಿ, ಕಸುಬು, ಮನೆದೇವರು ಅದನ್ನು ಹೇಳುತ್ತವೆ. ಅಲ್ಲಿ ಗುಲಾಮಗಿರಿಗೆ ಆರಂಭದ ಕಾಲವಿದೆ, ಮಾರಾಟದ ದಾಖಲೆಯಿದೆ. ಇಲ್ಲಿ ಅಸ್ಪೃಶ್ಯತೆ ಧರ್ಮದ ಮತ್ತು ರೂಢಿಯ ಭಾಷೆಯಲ್ಲಿ ಅಡಗಿರುವುದರಿಂದ ಅದರ ದಾಖಲೆಯನ್ನು ಹುಡುಕುವುದೇ ಸಂಶೋಧನೆಯ ಕೆಲಸವಾಗುತ್ತದೆ. ಹೋಲಿಕೆಯಿಂದ ನಮಗೆ ದೊರೆಯುವ ಪಾಠ ಒಂದೇ: ಪ್ರವೇಶದ ಕಾಯಿದೆಯ ಮರುದಿನವೇ ಪಾಲಿನ ಪ್ರಶ್ನೆ ಏಳುತ್ತದೆ. 1949ರ ನವೆಂಬರ್ 25ರಂದು ಸಂವಿಧಾನ ಸಭೆಯಲ್ಲಿ ಅಂಬೇಡ್ಕರರು, ರಾಜಕೀಯದಲ್ಲಿ ಸಮಾನತೆಯನ್ನೂ ಸಾಮಾಜಿಕ ಹಾಗೂ ಆರ್ಥಿಕ ಬದುಕಿನಲ್ಲಿ ಅಸಮಾನತೆಯನ್ನೂ ಹೊತ್ತು ನಾವು ಮುಂದಡಿಯಿಡುತ್ತಿದ್ದೇವೆಂದು ಎಚ್ಚರಿಸಿದ್ದು ಇದನ್ನೇ.

4. ಮಾತಂಗನ ಬೆಟ್ಟ ಮತ್ತು ಮಾತಂಗಿಯ ಕತ್ತಿ

ಪಾಲಿನ ಪ್ರಶ್ನೆ ಭೂಮಿ ಮತ್ತು ಕೂಲಿಗಳಿಗೆ ಮಾತ್ರ ಸೀಮಿತವಲ್ಲ, ಕಥೆಯಲ್ಲಿಯೂ ಪಾಲಿದೆ. ಹಂಪಿಯ ಅತಿ ಎತ್ತರದ ನೋಟ ದೊರೆಯುವುದು ಮಾತಂಗ ಪರ್ವತದ ತುದಿಯಲ್ಲಿ. ರಾಮಾಯಣದ ಕಥೆಯಂತೆ ಮಾತಂಗ ಮುನಿಯ ಶಾಪದಿಂದಾಗಿ ಬಲಶಾಲಿಯಾದ ವಾಲಿ ಈ ನೆಲದಲ್ಲಿ ಕಾಲಿಡುವಂತಿರಲಿಲ್ಲ. ಆದ್ದರಿಂದಲೇ ಸುಗ್ರೀವ ಇಲ್ಲಿ ಆಶ್ರಯ ಪಡೆದ. ಕನ್ನಡ, ತೆಲುಗು, ಮರಾಠಿ ನಾಡುಗಳಲ್ಲಿ ಮಾದಿಗ ಮತ್ತು ಮಾಂಗ ಸಮುದಾಯಗಳು ತಮ್ಮನ್ನು ಮಾತಂಗ ವಂಶದವರೆಂದು ಹೇಳಿಕೊಳ್ಳುತ್ತವೆ. ಈ ಎರಡು ಸಂಗತಿಗಳನ್ನು ಒಟ್ಟಿಗಿಟ್ಟು ನೋಡಿದರೆ ಒಂದು ವಿಶೇಷ ಅರ್ಥ ಹೊಳೆಯುತ್ತದೆ. ಇಲ್ಲಿ ಪ್ರವೇಶ ನಿಷೇಧವಿರುವುದು ಬಲಿಷ್ಠನಿಗೆ. ನಿಷೇಧವನ್ನು ಹೇರಿದವನು ಹೊರಗಿಡಲ್ಪಟ್ಟ ಸಮುದಾಯ ತನ್ನ ಮೂಲಪುರುಷನೆಂದು ಭಾವಿಸುವ ಮುನಿ. ಆ ನಿಷೇಧದ ಉದ್ದೇಶ ಓಡಿಬಂದವನ ರಕ್ಷಣೆಯಾಗಿ ಪರಿಣಮಿಸುತ್ತದೆ. ಐತಿಹಾಸಿಕ ಸತ್ಯವೆಂದು ಇದನ್ನು ಮಂಡಿಸುವ ಅಗತ್ಯವಿಲ್ಲ. ಆದರೆ ಒಂದು ಸಮುದಾಯ ತನ್ನ ಹೆಸರನ್ನು ಯಾವ ಬೆಟ್ಟದಲ್ಲಿ ಕಂಡುಕೊಳ್ಳುತ್ತದೆ ಎಂಬುದು ಅದರ ಸ್ವಾಭಿಮಾನದ ಚರಿತ್ರೆಗೆ ಸಂಬಂಧಿಸಿದ ವಿಷಯ. 1986ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದ ಹಂಪಿಯನ್ನು ನಾವು ಅರಸರ ರಾಜಧಾನಿಯಾಗಿ ವಿವರಿಸುವಾಗ ಈ ಅರ್ಥಕ್ಕೆ ಎಷ್ಟು ಜಾಗ ಕೊಡುತ್ತೇವೆ?

ಕಂಪ್ಲಿಯ ಕಥನ ಇದಕ್ಕೆ ವಿರುದ್ಧ ದಿಕ್ಕಿನದು. ಕಂಪಿಲರಾಯನ ಮಗ ಗಂಡುಗಲಿ ಕುಮಾರರಾಮನನ್ನು ಕುರಿತು ನಂಜುಂಡನ ಸಾಂಗತ್ಯ ಮೊದಲ್ಗೊಂಡು ಹಲವು ಕಾವ್ಯಗಳೂ ಮೌಖಿಕ ರೂಪಗಳೂ ಇವೆ. ಪರನಾರಿ ಸೋದರನೆಂದು ಖ್ಯಾತನಾದ ಈ ವೀರನನ್ನು ಗಂಡಸರ ಸೈನ್ಯ ಗೆಲ್ಲಲಾಗುವುದಿಲ್ಲ. ಕೊನೆಗೆ ದಿಲ್ಲಿಯ ಸುಲ್ತಾನನ ಕಡೆಯಿಂದ ಮಾತಂಗಿಯೆಂಬ ಹೆಣ್ಣು ಯುದ್ಧಕ್ಕೆ ಬರುತ್ತಾಳೆ. ಹೆಸರೇ ಅವಳ ಜಾತಿಯನ್ನು ಹೇಳುತ್ತದೆ. ಈ ಪ್ರಸಂಗವನ್ನು ಕುಮಾರರಾಮನ ಶೀಲದ ಪರಾಕಾಷ್ಠೆಯಾಗಿ ಓದುವುದು ವಾಡಿಕೆ. ಕಥೆಯ ಇನ್ನೊಂದು ಬದಿಯಿಂದ ನೋಡಿದರೆ, ಅಸ್ಪೃಶ್ಯ ಹೆಣ್ಣಿಗೆ ವೀರಕಾವ್ಯದೊಳಗೆ ಪ್ರವೇಶ ದೊರೆತಿರುವುದು ನಾಯಕನ ಸಾವಿನ ಉಪಕರಣವಾಗಿ. ಅವಳಿಗೆ ಕತ್ತಿಯಿದೆ, ತನ್ನದೇ ಆದ ಕಾರಣವಿಲ್ಲ. ಅವಳು ಎಲ್ಲಿಂದ ಬಂದಳು, ಯಾರಿಂದ ಯುದ್ಧ ಕಲಿತಳು, ಗೆದ್ದ ಮೇಲೆ ಏನಾದಳು ಎಂಬುದರತ್ತ ಕಾವ್ಯದ ಗಮನವಿಲ್ಲ. ಪ್ರವೇಶವಿದ್ದೂ ಪಾಲಿಲ್ಲದ ಸ್ಥಿತಿಗೆ ಇದಕ್ಕಿಂತ ಸ್ಪಷ್ಟವಾದ ನಿದರ್ಶನ ನಮ್ಮ ಪ್ರಾಚೀನ ಸಾಹಿತ್ಯದಲ್ಲಿ ವಿರಳ. ಆದರೂ ಕಾವ್ಯಕ್ಕೆ ಒಂದು ವಿಷಯ ಗೊತ್ತಿದೆ: ಅರಸುಗಳು ಗೆಲ್ಲಲಾಗದವನನ್ನು ಗೆಲ್ಲುವ ಶಕ್ತಿ ಇವಳಲ್ಲಿದೆ. ಆ ಅರಿವಿನ ಭಯವೂ ಪಠ್ಯದೊಳಗೆ ಅಡಗಿದೆ.

ಇಂದಿನ ಸಾಂಸ್ಕೃತಿಕ ಪ್ರದರ್ಶನಗಳಲ್ಲಿ ಈ ಸ್ಥಿತಿ ಬೇರೊಂದು ರೂಪದಲ್ಲಿ ಮುಂದುವರಿದಿದೆ. 2023ರ ಜುಲೈನಲ್ಲಿ ಹಂಪಿಯಲ್ಲಿ ನಡೆದ ಜಿ-20 ಸಂಸ್ಕೃತಿ ಕಾರ್ಯಪಡೆಯ ಸಭೆಯ ಸಂದರ್ಭದಲ್ಲಿ ಸಂಡೂರಿನ ಲಂಬಾಣಿ ಕಸೂತಿಯ ಪ್ರದರ್ಶನ ಗಿನ್ನೆಸ್ ದಾಖಲೆಗೆ ಸೇರಿತು. ಭೌಗೋಳಿಕ ಸೂಚಕದ ಮಾನ್ಯತೆ ಪಡೆದ ಈ ಕಲೆ ಸಂಡೂರಿನ ಮಹಿಳೆಯರಿಗೆ ದುಡಿಮೆಯನ್ನೂ ಹೆಸರನ್ನೂ ತಂದಿದೆ. ಅದು ಸಣ್ಣ ಸಾಧನೆಯಲ್ಲ. ಆದರೆ ಪ್ರದರ್ಶನದ ಯಶಸ್ಸನ್ನು ಅಳೆಯುವಾಗ ಹೊಲಿಗೆಯ ಸಂಖ್ಯೆಯ ಜೊತೆಗೆ ತಾಂಡಾದ ಮನೆಯ ಹಕ್ಕುಪತ್ರ, ಗುಳೆ ಹೋಗುವ ತಿಂಗಳುಗಳು, ಮಕ್ಕಳ ಶಾಲೆಯ ಹಾಜರಿ ಇವನ್ನೂ ಅಳೆಯಬೇಕಾಗುತ್ತದೆ.

5. ದಲಿತ ಬರಹ: ಓದಿನ ಪಲ್ಲಟ

1970ರ ದಶಕದಿಂದ ಬೆಳೆದ ಕನ್ನಡ ದಲಿತ ಸಾಹಿತ್ಯವನ್ನು ನಮ್ಮ ವಿಮರ್ಶೆ ಅಪಮಾನ, ಆಕ್ರೋಶ, ಅಸ್ಮಿತೆ ಎಂಬ ಮೂರು ಪರಿಕಲ್ಪನೆಗಳ ಮೂಲಕ ಹೆಚ್ಚಾಗಿ ವಿವರಿಸಿದೆ. ಈ ಪರಿಕಲ್ಪನೆಗಳು ಅಗತ್ಯವಾಗಿದ್ದವು. ಆದರೆ ಅಪಮಾನದ ಓದು ಬಾಗಿಲ ಬಳಿಯ ದೃಶ್ಯಗಳನ್ನೇ ಮತ್ತೆ ಮತ್ತೆ ಎತ್ತಿ ತೋರಿಸುತ್ತದೆ: ತಡೆದ ಬಾಗಿಲು, ಬೇರೆ ಲೋಟ, ದೂರದಿಂದ ಸುರಿದ ನೀರು. ಕೃತಿಗಳು ಹೇಳುವುದು ಅಷ್ಟನ್ನೇ ಅಲ್ಲ.

ಸಿದ್ಧಲಿಂಗಯ್ಯನವರ ಆತ್ಮಕಥನ 'ಊರುಕೇರಿ' ಆರಂಭವಾಗುವುದು ಬಾಗಿಲ ಮುಂದಲ್ಲ, ಹೊಲದಲ್ಲಿ. ನೊಗಕ್ಕೆ ಎತ್ತುಗಳ ಬದಲು ಇಬ್ಬರು ಮನುಷ್ಯರು ಹೆಗಲು ಕೊಟ್ಟಿರುವ ದೃಶ್ಯವದು. ಅವರಲ್ಲಿ ಒಬ್ಬರು ಲೇಖಕರ ತಂದೆ. ಈ ದೃಶ್ಯದ ಮುಖ್ಯಾರ್ಥ ಮುಟ್ಟು ಮಡಿಗಳದ್ದಲ್ಲ, ಶ್ರಮದ ಒಡೆತನದ್ದು. ಹೆಗಲು ಯಾರದು, ಬೆಳೆ ಯಾರದು ಎಂಬ ಪ್ರಶ್ನೆ ಅಲ್ಲಿದೆ. ದೇವನೂರ ಮಹಾದೇವರ 'ಒಡಲಾಳ'ದಲ್ಲಿ ಸಾಕವ್ವನ ಮನೆಯವರು ರಾತ್ರಿ ಒಲೆಯ ಸುತ್ತ ಕುಳಿತು ಕಡಲೆಕಾಯಿ ತಿನ್ನುತ್ತಾರೆ. ಅದನ್ನು ಹುಡುಕಿಕೊಂಡು ಪೊಲೀಸರು ಮನೆಗೆ ಬರುತ್ತಾರೆ. ಆ ರಾತ್ರಿಯ ಸಂತೋಷವನ್ನು ಕಥೆ ಪಾಪಪ್ರಜ್ಞೆಯಿಲ್ಲದೆ ಬರೆಯುತ್ತದೆ. ಕಾಯಿದೆಯ ಭಾಷೆಯಲ್ಲಿ ಕಳವಾದದ್ದು ಒಡಲಿನ ಭಾಷೆಯಲ್ಲಿ ಬೆಳೆದವರ ಪಾಲು. ಈ ಎರಡು ಭಾಷೆಗಳ ಘರ್ಷಣೆಯೇ ಕೃತಿಯ ಕೇಂದ್ರ. ಇಲ್ಲಿ ಕಾಯಿದೆ ಕೇರಿಯೊಳಗೆ ಪ್ರವೇಶಿಸುತ್ತದೆ, ಆದರೆ ಪೊಲೀಸರ ರೂಪದಲ್ಲಿ ಎಂಬುದನ್ನು ಮರೆಯುವಂತಿಲ್ಲ.

ಅರವಿಂದ ಮಾಲಗತ್ತಿಯವರ 'ಗೌರ್ಮೆಂಟ್ ಬ್ರಾಹ್ಮಣ' ಈ ಚರ್ಚೆಗೆ ಮತ್ತೊಂದು ಮಗ್ಗುಲನ್ನು ಒದಗಿಸುತ್ತದೆ. 1990ರ ದಶಕದ ಈ ಆತ್ಮಕಥನದ ಶೀರ್ಷಿಕೆಯೇ ಸುಧಾರಣೆಯ ನಂತರದ ಸ್ಥಿತಿಯ ಸಂಕ್ಷಿಪ್ತ ವಿಮರ್ಶೆ. ಮೀಸಲಾತಿಯಿಂದ ಓದಿ ಮೇಲೆ ಬಂದವನನ್ನು 'ಸರ್ಕಾರಿ ಬ್ರಾಹ್ಮಣ'ನೆಂದು ಕರೆಯುವಾಗ ಸಮಾಜವು ಅವನಿಗೆ ಸಿಕ್ಕ ಪಾಲನ್ನು ಸರ್ಕಾರದ ದಾನವೆಂದು ಪುನರ್ವ್ಯಾಖ್ಯಾನಿಸುತ್ತದೆ. ಬಾಕಿಯನ್ನು ದಾನವೆಂದು ಕರೆಯುವ ಈ ಭಾಷಿಕ ಕ್ರಿಯೆ ಅಸ್ಪೃಶ್ಯತೆಯ ನವೀನ ರೂಪ. ಹಿಂದೆ ಬಾಗಿಲಲ್ಲಿ ತಡೆಯುತ್ತಿದ್ದರು. ಈಗ ಒಳಗೆ ಬಂದವನಿಗೆ ಅವನು ಹೇಗೆ ಬಂದನೆಂದು ದಿನವೂ ನೆನಪಿಸುತ್ತಾರೆ.

ನಮ್ಮ ಪ್ರದೇಶದ ಮಟ್ಟಿಗೆ ಕೊಟ್ಟೂರಿನ ಕುಂ. ವೀರಭದ್ರಪ್ಪನವರ ಕಥಾಲೋಕವನ್ನು ಇಲ್ಲಿ ನೆನೆಯಬೇಕು. ಬರ, ಹಸಿವು, ಪಾಳೆಯಗಾರಿಕೆಯ ಪಳೆಯುಳಿಕೆ ಮತ್ತು ಹಿಂಸೆಗಳ ಬಳ್ಳಾರಿ ಸೀಮೆಯನ್ನು ಅವರಷ್ಟು ವಿಸ್ತಾರವಾಗಿ ದಾಖಲಿಸಿದವರು ಕಡಿಮೆ. 2007ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿಯ ಪ್ರಶಸ್ತಿ ಪಡೆದ 'ಅರಮನೆ' ಕಾದಂಬರಿ ಥಾಮಸ್ ಮನ್ರೋನ ಕಾಲದ ಈ ಸೀಮೆಯನ್ನು ಕಟ್ಟುತ್ತದೆ. ಆದರೆ ಹೊಸಪೇಟೆ, ಸಂಡೂರು, ಕಂಪ್ಲಿಗಳ ಕೇರಿಯ ಒಳಗಿನಿಂದಲೇ ಬಂದ ಆತ್ಮಕಥನಗಳನ್ನು ಸಂಗ್ರಹಿಸುವ, ಓದುವ ಕೆಲಸ ಮತ್ತಷ್ಟು ವ್ಯವಸ್ಥಿತವಾಗಿ ನಡೆಯಬೇಕಾಗಿದೆ. 1991ರಲ್ಲಿ ಸ್ಥಾಪನೆಯಾದ ಹಂಪಿಯ ಕನ್ನಡ ವಿಶ್ವವಿದ್ಯಾಲಯ ಇರುವುದೂ ಇದೇ ನೆಲದಲ್ಲಿ.

6. ನದಿಯ ಆಚೆ ದಡ

ಪಾಲಿಗೆ ಇಷ್ಟು ಒತ್ತು ಕೊಡುವಾಗ ಪ್ರವೇಶದ ಪ್ರಶ್ನೆ ಮುಗಿದುಹೋಯಿತೆಂದು ಭಾವಿಸಿದರೆ ತಪ್ಪಾಗುತ್ತದೆ. ಕಂಪ್ಲಿಯಿಂದ ತುಂಗಭದ್ರೆಯನ್ನು ದಾಟಿದರೆ ಗಂಗಾವತಿ ತಾಲ್ಲೂಕು. ಆ ತಾಲ್ಲೂಕಿನ ಮರಕುಂಬಿ ಗ್ರಾಮದಲ್ಲಿ 2014ರ ಆಗಸ್ಟಿನಲ್ಲಿ ದಲಿತರ ಮೇಲೆ ದಾಳಿ ನಡೆದು ಅವರ ಮನೆಗಳಿಗೆ ಬೆಂಕಿ ಬಿದ್ದಿತು. ಕ್ಷೌರದಂಗಡಿ ಮತ್ತು ಹೋಟೆಲುಗಳಲ್ಲಿ ದಲಿತರಿಗೆ ಪ್ರವೇಶ ನಿರಾಕರಿಸಿದ್ದು ಈ ಸಂಘರ್ಷದ ಹಿನ್ನೆಲೆಯಲ್ಲಿತ್ತು. ಹತ್ತು ವರ್ಷಗಳ ವಿಚಾರಣೆಯ ಬಳಿಕ, 2024ರ ಅಕ್ಟೋಬರಿನಲ್ಲಿ ಕೊಪ್ಪಳದ ಸೆಷನ್ಸ್ ನ್ಯಾಯಾಲಯವು 101 ಮಂದಿಯನ್ನು ಅಪರಾಧಿಗಳೆಂದು ಘೋಷಿಸಿ, ಅವರಲ್ಲಿ 98 ಮಂದಿಗೆ ಜೀವಾವಧಿ ಶಿಕ್ಷೆ ವಿಧಿಸಿತು. ಮುಂದಿನ ತಿಂಗಳು ಮೇಲ್ಮನವಿಯ ಹಂತದಲ್ಲಿ ಅವರಲ್ಲಿ ಬಹುಪಾಲು ಮಂದಿಗೆ ಉಚ್ಚ ನ್ಯಾಯಾಲಯದಿಂದ ಜಾಮೀನು ದೊರೆಯಿತು. ಅದೇ ಕೊಪ್ಪಳ ಜಿಲ್ಲೆಯ ಮಿಯಾಪುರದಲ್ಲಿ 2021ರ ಸೆಪ್ಟೆಂಬರಿನಲ್ಲಿ ಎಳೆಯ ಮಗುವೊಂದು ದೇವಸ್ಥಾನದೊಳಗೆ ಓಡಿದ್ದಕ್ಕಾಗಿ ದಲಿತ ಕುಟುಂಬದಿಂದ ದಂಡ ಕೇಳಲಾಯಿತು. ಸಂಡೂರಿನ ಬಾಗಿಲು ತೆರೆದು ಆಗ 89 ವರ್ಷಗಳು ಕಳೆದಿದ್ದವು.

ಈ ಎರಡು ಘಟನೆಗಳು ನಮ್ಮ ವಾದವನ್ನು ಅಲ್ಲಗಳೆಯುವುದಿಲ್ಲ. ಅದನ್ನು ಇನ್ನಷ್ಟು ಸ್ಪಷ್ಟಗೊಳಿಸುತ್ತವೆ. ಪಾಲಿಲ್ಲದ ಕಡೆ ಪ್ರವೇಶವೂ ಭದ್ರವಲ್ಲ. ಕೂಲಿಗಾಗಿ, ಸಾಲಕ್ಕಾಗಿ, ದಾರಿಗಾಗಿ ಊರನ್ನೇ ಅವಲಂಬಿಸಿದ ಕೇರಿಯು ಕ್ಷೌರದಂಗಡಿಯ ಹಕ್ಕನ್ನು ಕೇಳಿದರೆ ಅದಕ್ಕೆ ಉತ್ತರವಾಗಿ ಬಹಿಷ್ಕಾರವೋ ಬೆಂಕಿಯೋ ಬರುತ್ತದೆ. ಹಾಗೆಂದು ಕಾಯಿದೆ ನಿಷ್ಫಲವೆನ್ನಲಾಗದು. ಮರಕುಂಬಿಯ ತೀರ್ಪು ತಡವಾಗಿ ಬಂದರೂ ಬಂದಿತು. 1989ರ ಕಾಯಿದೆ ಇಲ್ಲದಿದ್ದರೆ ಅದು ಊರ ಜಗಳವಾಗಿ ಕರಗಿಹೋಗುತ್ತಿತ್ತು.

ದೇವದಾಸಿ ಪದ್ಧತಿಯ ನಿದರ್ಶನವೂ ಇಲ್ಲಿ ಪ್ರಸ್ತುತ. 1982ರ ಕಾಯಿದೆಯ ನಂತರ, 1993-94 ಮತ್ತು 2007-08ರ ಸರ್ಕಾರಿ ಸಮೀಕ್ಷೆಗಳಲ್ಲಿ ರಾಜ್ಯದಲ್ಲಿ ಒಟ್ಟು 46,660 ದೇವದಾಸಿ ಮಹಿಳೆಯರನ್ನು ಗುರುತಿಸಲಾಯಿತು. ಹೊಸಪೇಟೆ, ಸಂಡೂರು, ಕೂಡ್ಲಿಗಿಗಳು ಈ ಪದ್ಧತಿ ಬಲವಾಗಿ ಬೇರೂರಿದ್ದ ತಾಲ್ಲೂಕುಗಳು. ಸಮರ್ಪಣೆಗೊಂಡವರಲ್ಲಿ ಬಹುತೇಕರು ದಲಿತ ಹೆಣ್ಣುಮಕ್ಕಳು. ಇವರಿಗೆ ದೇವಾಲಯದ ಪ್ರವೇಶ ಎಂದೂ ಸಮಸ್ಯೆಯಾಗಿರಲಿಲ್ಲ. ದೇವರ ಹೆಸರಿನಲ್ಲಿಯೇ ಇವರನ್ನು ಬಿಡಲಾಗಿತ್ತು. ಇವರ ಮಕ್ಕಳಿಗೆ ತಂದೆಯ ಆಸ್ತಿಯಲ್ಲಿ ಪಾಲಿರಲಿಲ್ಲ, ಶಾಲೆಯ ಅರ್ಜಿಯಲ್ಲಿ ತಂದೆಯ ಹೆಸರಿನ ಕಲಮು ಖಾಲಿಯಿತ್ತು. 2025ರಲ್ಲಿ ರಾಜ್ಯದ ವಿಧಾನಮಂಡಲ ಅಂಗೀಕರಿಸಿದ ಹೊಸ ಮಸೂದೆ ನಿಷೇಧವನ್ನು ದಾಟಿ ಪರಿಹಾರ, ಪುನರ್ವಸತಿ ಮತ್ತು ಮಕ್ಕಳ ಹಕ್ಕುಗಳನ್ನು ಮುನ್ನೆಲೆಗೆ ತಂದಿರುವುದು ಪ್ರವೇಶದಿಂದ ಪಾಲಿನತ್ತ ಶಾಸನದ ಭಾಷೆಯೇ ಸರಿಯುತ್ತಿರುವುದರ ಸೂಚನೆ.

ಅಧಿಕಾರದ ಪಾಲಿನ ವಿಷಯ ಇನ್ನೂ ಸಂಕೀರ್ಣ. 2008ರ ಕ್ಷೇತ್ರ ಮರುವಿಂಗಡಣೆಯ ನಂತರ ಸಂಡೂರು ಮತ್ತು ಕಂಪ್ಲಿ ವಿಧಾನಸಭಾ ಕ್ಷೇತ್ರಗಳು ಪರಿಶಿಷ್ಟ ಪಂಗಡಕ್ಕೆ ಮೀಸಲಾದವು. ಬಳ್ಳಾರಿ ಲೋಕಸಭಾ ಕ್ಷೇತ್ರವೂ ಹಾಗೆಯೇ. ಇದರಿಂದ ನಾಯಕ ಸಮುದಾಯಕ್ಕೆ ದೊರೆತ ಪ್ರಾತಿನಿಧ್ಯ ಚಾರಿತ್ರಿಕವಾದದ್ದು. ಆದರೆ ಪರಿಶಿಷ್ಟ ಜಾತಿ, ಪರಿಶಿಷ್ಟ ಪಂಗಡಗಳೆಂಬ ಶಾಸನದ ಶೀರ್ಷಿಕೆಗಳ ಒಳಗೆ ಭಿನ್ನ ಚರಿತ್ರೆಗಳಿವೆ. ನಾಯಕರ ಅನುಭವ ಮಾದಿಗರ ಅನುಭವವಲ್ಲ, ಮಾದಿಗರದು ಲಂಬಾಣಿಗರದಲ್ಲ. ನ್ಯಾಯಮೂರ್ತಿ ಎ.ಜೆ. ಸದಾಶಿವ ಆಯೋಗ 2012ರಲ್ಲಿ ಸಲ್ಲಿಸಿದ ವರದಿ ವರ್ಷಗಟ್ಟಲೆ ಕಾಯಿತು. 2024ರ ಆಗಸ್ಟ್ 1ರಂದು ಸರ್ವೋಚ್ಚ ನ್ಯಾಯಾಲಯ ಒಳವರ್ಗೀಕರಣವನ್ನು ಎತ್ತಿಹಿಡಿಯಿತು. 2025ರಲ್ಲಿ ನ್ಯಾಯಮೂರ್ತಿ ಎಚ್.ಎನ್. ನಾಗಮೋಹನದಾಸ್ ಆಯೋಗದ ವರದಿಯ ಬಳಿಕ ರಾಜ್ಯ ಸರ್ಕಾರ ಒಳಮೀಸಲಾತಿಯ ಹಂಚಿಕೆಯನ್ನು ನಿರ್ಧರಿಸಿತು. ಈ ದೀರ್ಘ ಹೋರಾಟದ ಬೀದಿಯ ಮಾತಿನಲ್ಲಿ ಮತ್ತೆ ಮತ್ತೆ ಕೇಳಿಬಂದ ಪದ ಯಾವುದೆಂದರೆ, 'ನಮ್ಮ ಪಾಲು'.

7. ಉಪಸಂಹಾರ

ಮೇಲಿನ ಚರ್ಚೆಯಿಂದ ಮೂರು ತೀರ್ಮಾನಗಳಿಗೆ ಬರಬಹುದು. ಮೊದಲನೆಯದಾಗಿ, ಸುಧಾರಣೆಯ ನಂತರದ ಅಸಮಾನತೆಯನ್ನು ಸುಧಾರಣೆಯ ವೈಫಲ್ಯವೆಂದಷ್ಟೇ ನೋಡಬಾರದು. ಸುಧಾರಣೆ ಯಾವುದನ್ನು ತನ್ನ ಗುರಿಯಾಗಿ ಇಟ್ಟುಕೊಂಡಿತ್ತು, ಯಾವುದನ್ನು ಮುಟ್ಟಲಿಲ್ಲ ಎಂಬುದನ್ನು ವಿಂಗಡಿಸಬೇಕು. ಎರಡನೆಯದಾಗಿ, ಸ್ಥಳೀಯ ಚರಿತ್ರೆಯ ಬರವಣಿಗೆ ದಾತೃವಿನ ಹೆಸರನ್ನು ಕರ್ತೃಸ್ಥಾನದಲ್ಲಿಡುವ ಅಭ್ಯಾಸದಿಂದ ಹೊರಬರಬೇಕು. ಸಂಡೂರಿನ ಸಂಸ್ಥಾನದ ಕಡತಗಳಷ್ಟೇ ಮುಖ್ಯವಾದ ಆಕರಗಳು ಗಣಿಗಳ ಕೂಲಿ ಪುಸ್ತಕಗಳು, ಭೂನ್ಯಾಯಮಂಡಳಿಯ ಅರ್ಜಿಗಳು, ಪೌರಕಾರ್ಮಿಕರ ನೇಮಕದ ದಾಖಲೆಗಳು ಮತ್ತು ಕೇರಿಯ ಹಿರಿಯರ ನೆನಪುಗಳು. ಕೊನೆಯ ಆಕರ ದಿನದಿನಕ್ಕೆ ಕಡಿಮೆಯಾಗುತ್ತಿದೆ ಎಂಬ ಎಚ್ಚರ ಸಂಶೋಧಕರಿಗಿರಬೇಕು. ಮೂರನೆಯದಾಗಿ, ದಲಿತ ಸಾಹಿತ್ಯದ ವಿಮರ್ಶೆ ಅನುಕಂಪದ ಓದನ್ನು ಬಿಟ್ಟು ಲೆಕ್ಕದ ಓದನ್ನು ಕಲಿಯಬೇಕು. 'ಒಡಲಾಳ'ದ ಕಡಲೆಕಾಯಿ, 'ಊರುಕೇರಿ'ಯ ನೊಗ ನಮ್ಮ ಕರುಣೆಯನ್ನು ಕೇಳುತ್ತಿಲ್ಲ. ಅವು ಬಾಕಿಯ ಚೀಟಿಗಳು.

1932ರಲ್ಲಿ ಸಂಡೂರಿನ ದೇವಾಲಯದ ಬಾಗಿಲು ತೆರೆದವರನ್ನು ನಾವು ಮರೆಯಬೇಕಾಗಿಲ್ಲ. ಆದರೆ ಅಂದು ಆ ಹೊಸ್ತಿಲನ್ನು ದಾಟಿದವರ ಒಂದು ಹೆಸರಾದರೂ ನಮ್ಮ ಚರಿತ್ರೆಯ ಪುಸ್ತಕಗಳಲ್ಲಿ ಸೇರಬೇಕು. ಅವರು ಒಳಗೆ ಹೋಗಿ ಕೈಮುಗಿದು ಹೊರಬಂದ ಮೇಲೆ ಯಾವ ದಾರಿಯಲ್ಲಿ, ಯಾವ ಮನೆಗೆ, ಯಾರ ಹೊಲದ ಬದುವಿನ ಮೇಲೆ ನಡೆದು ಹೋದರೋ ಆ ದಾರಿಯ ಚರಿತ್ರೆಯನ್ನು ಬರೆಯುವುದು ಈ ಪ್ರದೇಶದ ಸಂಶೋಧನೆಯ ಮುಂದಿರುವ ಕೆಲಸ.